‘ಅವರು ಬದಲಾಗುವವರಲ್ಲ’ ಎನ್ನುವ ಮುನ್ನ



“ಬಿಡಿ ಸ್ವಾಮಿ, ಅವರು ಬದಲಾಗುವವರಲ್ಲ.” ಮನೆಭೇಟಿಗೆ ಹೋದ ಗುರುಗಳು ಮತ್ತೆ ಮತ್ತೆ ಕೇಳುವ ಮಾತಿದು. ಕುಡಿತ ಬಿಡದ ಗಂಡ, ಆಸ್ತಿಗಾಗಿ ಮಾತು ಬಿಟ್ಟ ಅಣ್ಣ, ಪೂಜೆಗೆ ಬಾರದ ಮಗ. ಹೇಳುವವರು ಸುಳ್ಳಾಡುತ್ತಿಲ್ಲ, ಇಪ್ಪತ್ತು ವರ್ಷ ಕಣ್ಣಾರೆ ಕಂಡಿದ್ದಾರೆ. ಆದರೆ ಕಂಡದ್ದಷ್ಟರಿಂದ ‘ಎಂದಿಗೂ ಇಲ್ಲ’ ಎಂದು ತೀರ್ಪು ಕೊಡಬಹುದೇ?

ರೇಡಿಯಂ ಎಂಬ ಧಾತುವಿನ ಕಥೆ ಕೇಳಿ. ಕ್ಯೂರಿ ದಂಪತಿಗಳು ಅದನ್ನು ಕಂಡುಹಿಡಿದದ್ದು 1898ರಲ್ಲಿ. ಅದರ ಪರಮಾಣು ತಾನಾಗಿಯೇ ಒಡೆದು ಆಲ್ಫಾ ಕಣವನ್ನು ಹೊರಸೂಸುತ್ತದೆ. ಆಲ್ಫಾ, ಬೀಟಾ, ಗಾಮಾ ಎಂದು ನಾವೂ ಶಾಲೆಯಲ್ಲಿ ಬಾಯಿಪಾಠ ಮಾಡಿದವರೇ. ಬೇರೆ ಬಗೆಯ ಕ್ಷಯವೂ ಸಾಧ್ಯವೆಂದು 1980ರಲ್ಲಿ ಕೆಲವರು ಲೆಕ್ಕ ಹಾಕಿ ಹೇಳಿದರು. 1984ರಲ್ಲಿ ಆಕ್ಸ್‌ಫರ್ಡ್‌ನ ರೋಸ್ ಮತ್ತು ಜೋನ್ಸ್ ಎಂಬ ವಿಜ್ಞಾನಿಗಳು ಅದನ್ನು ಪ್ರಕಟಪಡಿಸಿಯೇ ಬಿಟ್ಟರು. ರೇಡಿಯಂ-223 ಎಂಬ ಬಗೆಯ ಪರಮಾಣು ಎಂದೋ ಒಮ್ಮೆ ಆಲ್ಫಾ ಕಣದ ಬದಲು ಕಾರ್ಬನ್-14ರ ಇಡೀ ಬೀಜವನ್ನೇ ಹೊರಗೆಸೆದು ಸೀಸವಾಗುತ್ತದೆ! ನೂರು ಕೋಟಿಗೂ ಮಿಕ್ಕ ಆಲ್ಫಾ ಕಣಗಳು ಹೊರಬಂದರೆ ಇಂಥದ್ದು ಒಂದು. 189 ದಿನ ಕಾದು ಅವರು ಎಣಿಸಿದ್ದು 11 ಮಾತ್ರ. ಉಪಕರಣದ ದೋಷವೆಂದು ಆ 11ನ್ನು ತಳ್ಳಿಹಾಕುವುದು ಎಷ್ಟು ಸುಲಭವಾಗಿತ್ತು!

ಪರಮಾಣುವಿಗೆ ಪಶ್ಚಾತ್ತಾಪವಿಲ್ಲ, ಅದು ಆಯ್ಕೆ ಮಾಡುವುದೂ ಇಲ್ಲ. ಮನುಷ್ಯನನ್ನು ಅದರೊಡನೆ ಸರಿಗಟ್ಟಲು ತತ್ವಶಾಸ್ತ್ರ ಓದಿದ ನನ್ನ ಮನಸ್ಸು ಒಪ್ಪದು. ಆದರೆ ಎಂಬತ್ತಾರು ವರ್ಷಗಳಿಂದ ಪರಿಚಿತವಾಗಿದ್ದ ಜಡವಸ್ತುವೇ ಬಲ್ಲವರನ್ನು ಬೆರಗುಗೊಳಿಸಿತಲ್ಲ! ಸ್ವತಂತ್ರ ಮನಸ್ಸುಳ್ಳ, ದೇವರ ವರಪ್ರಸಾದ ಎಂದು ಹೇಗೆ ಮುಟ್ಟೀತೆಂದು ಯಾರೂ ಅರಿಯದ ಮನುಷ್ಯನ ಪುಸ್ತಕವನ್ನು ನಾವು ಮುಚ್ಚಿಡುವುದು ಯಾವ ಧೈರ್ಯದ ಮೇಲೆ?

ಇದನ್ನೋದಿ, ಹೊಡೆತ ತಿನ್ನುತ್ತಿರುವ ಯಾವ ತಾಯಿಗೂ “ತಾಳ್ಮೆಯಿಂದ ಕಾಯಮ್ಮ” ಎಂದು ಉಪದೇಶಿಸಬೇಡಿ. ರೇಡಿಯಂ ಅನ್ನು ಬರಿಗೈಯಲ್ಲಿ ಹಿಡಿದು ಯಾರೂ ಕಾಯುವುದಿಲ್ಲ. ಮಕ್ಕಳನ್ನು ಕರೆದುಕೊಂಡು ತವರಿಗೆ ಹೋಗಿ, ಅಲ್ಲಿಂದಲೇ ಗಂಡನಿಗಾಗಿ ಜಪಮಾಲೆ ಹಿಡಿದವಳೂ ಕಾಯುತ್ತಲೇ ಇದ್ದಾಳೆ.

ಸಂತ ಲೂಕರ ಶುಭಸಂದೇಶದ 13ನೇ ಅಧ್ಯಾಯದಲ್ಲಿ ಒಂದು ಅಂಜೂರದ ಮರವಿದೆ. ಮೂರು ವರ್ಷ ಹಣ್ಣಿಲ್ಲ; ಯಜಮಾನನ ಲೆಕ್ಕ ಸರಿಯಾಗಿಯೇ ಇತ್ತು. ತೋಟಗಾರ ಆ ಲೆಕ್ಕವನ್ನು ಅಲ್ಲಗಳೆಯಲಿಲ್ಲ. ಸುತ್ತ ಅಗೆದು ಗೊಬ್ಬರ ಹಾಕುತ್ತೇನೆಂದು ಹೇಳಿ, ಇನ್ನೊಂದು ವರ್ಷ ಕೇಳಿಕೊಂಡ. ಆ ವರ್ಷ ಮರ ಹಣ್ಣು ಬಿಟ್ಟಿತೋ ಇಲ್ಲವೋ, ಯೇಸುಸ್ವಾಮಿ ಹೇಳಲೇ ಇಲ್ಲ.