ರಾಗ ಬೇಕು, ರಾಗಕಾರ ಬೇಡವೇ?



ವಿವಾಹದ ದಿನ ವಧು ದೇವಾಲಯವನ್ನು ಪ್ರವೇಶಿಸುವಾಗ ಆರ್ಗನ್ನಿನಲ್ಲಿ ಮೊಳಗುವ ‘ಪ್ರಿನ್ಸ್ ಆಫ್ ಡೆನ್ಮಾರ್ಕ್ಸ್ ಮಾರ್ಚ್’ ಎಂಬ ಸಂಗೀತವನ್ನು ನೀವು ಕೇಳಿರಬಹುದು. 1981ರಲ್ಲಿ ಲಂಡನ್ನಿನ ಸಂತ ಪೌಲರ ಪ್ರಧಾನಾಲಯದಲ್ಲಿ ಡಯಾನಾ ಪೀಠದತ್ತ ನಡೆದು ಬಂದದ್ದು ಇದೇ ಸಂಗೀತಕ್ಕೆ. ಬಹುಕಾಲ ಇದನ್ನು ಹೆನ್ರಿ ಪರ್ಸೆಲ್‌ನ ರಚನೆಯೆಂದೇ ಜನ ನಂಬಿದ್ದರು. ನಿಜವಾಗಿ ರಚಿಸಿದವನು ಜೆರೆಮಯ ಕ್ಲಾರ್ಕ್, ಅದೇ ಪ್ರಧಾನಾಲಯದ ಆರ್ಗನ್ ವಾದಕ. 1707ರ ಡಿಸೆಂಬರಿನಲ್ಲಿ, ಇನ್ನೂ ಮೂವತ್ತರ ಆಸುಪಾಸಿನಲ್ಲಿರುವಾಗಲೇ, ಅವನು ತನ್ನ ಪ್ರಾಣವನ್ನು ತಾನೇ ಕಳೆದುಕೊಂಡನು.

ಅಂದಿನ ಇಂಗ್ಲೆಂಡಿನ ಸಭೆಯ 1662ರ ಪ್ರಾರ್ಥನಾ ಗ್ರಂಥವು ಇಂತಹವರಿಗೆ ಶವಸಂಸ್ಕಾರದ ವಿಧಿ ಸಲ್ಲದೆಂದು ಹೇಳಿತ್ತು. ಕಥೋಲಿಕ ಧರ್ಮಸಭೆಯ ಕಟ್ಟಳೆಯೂ ಮೃದುವಾಗಿರಲಿಲ್ಲ. ಬುದ್ಧಿಪೂರ್ವಕವಾಗಿ ಪ್ರಾಣ ತೊರೆದವರಿಗೆ 1917ರ ಸಂಹಿತೆಯೂ ಅಂತ್ಯಸಂಸ್ಕಾರವನ್ನು ನಿರಾಕರಿಸಿತ್ತು. ರಾಗಕ್ಕೆ ಪೀಠದ ಬಳಿ ಸ್ಥಾನವುಂಟು, ರಾಗಕಾರನಿಗೆ ಇಲ್ಲ. ಇದು ನ್ಯಾಯವೇ?

ಜೀವದ ಪಾವಿತ್ರ್ಯವನ್ನು ಕಾಯುವುದೇ ಆ ಕಟ್ಟಳೆಯ ಉದ್ದೇಶವಾಗಿತ್ತೆಂಬುದನ್ನು ಅಲ್ಲಗಳೆಯಲಾಗದು. ಆದರೆ ಶಿಕ್ಷೆ ತಗುಲಿದ್ದು ಸತ್ತವನಿಗಲ್ಲ, ಬಾಗಿಲ ಹೊರಗೆ ಅಳುತ್ತ ನಿಂತ ತಾಯಿಗೆ. ಮಾರಕ ಪಾಪಕ್ಕೆ ಪೂರ್ಣ ಅರಿವೂ ಸ್ವತಂತ್ರ ಸಮ್ಮತಿಯೂ ಇರಬೇಕೆಂದು ನಾವೇ ಮಕ್ಕಳಿಗೆ ಕಲಿಸುತ್ತೇವೆ. ರೋಗವು ಆ ಸ್ವಾತಂತ್ರ್ಯವನ್ನೇ ಕಸಿದುಕೊಂಡಿದ್ದರೆ? 1983ರ ಸಂಹಿತೆ ಆ ನಿಷೇಧವನ್ನು ಕೈಬಿಟ್ಟಿತು. ತೀವ್ರ ಮಾನಸಿಕ ಅಸ್ವಸ್ಥತೆಯು ಹೊಣೆಯನ್ನು ತಗ್ಗಿಸಬಲ್ಲದೆಂದೂ, ಅಂತಹವರ ನಿತ್ಯ ರಕ್ಷಣೆಯ ವಿಷಯದಲ್ಲಿ ನಿರಾಶರಾಗಬಾರದೆಂದೂ 1992ರ ಧರ್ಮೋಪದೇಶ ಗ್ರಂಥವು ಬೋಧಿಸುತ್ತದೆ. ಆದರೂ ಸಾವಿನ ಮನೆಯಲ್ಲಿ “ವಿಶ್ವಾಸ ಸಾಲದಾಯಿತು” ಎಂಬ ಪಿಸುಮಾತು ನಿಂತಿಲ್ಲ.

ಖಂಡನೆ ಒಂದು ಅತಿರೇಕವಾದರೆ, ನೋವೇ ಕಲೆಯ ತಾಯಿ ಎಂಬ ಹೊಗಳಿಕೆ ಇನ್ನೊಂದು. ಇದು ಹೆಚ್ಚು ಅಪಾಯಕಾರಿ ಎಂದೇ ನನ್ನ ಭಾವನೆ, ಏಕೆಂದರೆ ಇದನ್ನು ನಂಬಿದವನು ಔಷಧಿಯನ್ನೇ ದೂರವಿಡುತ್ತಾನೆ. ಜರ್ಮನಿಯ ರಾಬರ್ಟ್ ಶೂಮನ್‌ನನ್ನು ನೋಡಿರಿ. 1844ರಲ್ಲಿ ಖಿನ್ನತೆ ಕವಿದಾಗ ಅವನು ಬರೆದದ್ದು ಅತ್ಯಲ್ಪ. ಮನಸ್ಸು ಚೇತರಿಸಿದ 1849ರಲ್ಲಿ ಕೃತಿಗಳು ಸಾಲುಸಾಲಾಗಿ ಹೊರಬಂದವು. ರೋಗ ಅವನಿಗೆ ಸಂಗೀತವನ್ನು ಕೊಡಲಿಲ್ಲ, ಅವನಿಂದ ಕಿತ್ತುಕೊಂಡಿತು. 1854ರಲ್ಲಿ ಪ್ರಾಣ ಬಿಡಲೆತ್ನಿಸಿ ಬದುಕುಳಿದ ಅವನು, ತಾನೇ ಕೇಳಿಕೊಂಡು ಎಂಡೆನಿಕ್‌ನ ಮಾನಸಿಕ ಚಿಕಿತ್ಸಾಲಯವನ್ನು ಸೇರಿದನು. ಎರಡು ವರ್ಷಗಳ ಬಳಿಕ ಅಲ್ಲಿಯೇ ತೀರಿಕೊಂಡನು. ಖಿನ್ನತೆಗೆ ಇಂದಿರುವ ಔಷಧಿಗಳಾವುವೂ ಅಂದಿರಲಿಲ್ಲ.

ನಿಮ್ಮ ಗಾಯನ ವೃಂದದಲ್ಲಿ ಹಾಡುತ್ತಿದ್ದವರೊಬ್ಬರು ಮೌನವಾಗಿದ್ದಾರೆಯೇ? ಸಾಯುವ ಯೋಚನೆ ಬರುತ್ತಿದೆಯೇ ಎಂದು ನೇರವಾಗಿ ಕೇಳಲು ಹಿಂಜರಿಯಬೇಡಿ. ಕೇಳಿದ ಮಾತ್ರಕ್ಕೆ ಆ ಯೋಚನೆ ಹುಟ್ಟುವುದಿಲ್ಲ. ವೈದ್ಯರ ಬಳಿಗೆ ಜೊತೆಯಾಗಿ ಹೋಗಿ. 2022ರಲ್ಲಿ ಆರಂಭವಾದ ಸರ್ಕಾರದ ಟೆಲಿ ಮಾನಸ್ ಸೇವೆಯ 14416 ಸಂಖ್ಯೆಗೆ ಹಗಲಿರುಳೂ ಉಚಿತವಾಗಿ ಕರೆ ಮಾಡಬಹುದು. ಅಲ್ಲಿ ಕನ್ನಡದಲ್ಲಿಯೇ ಮಾತನಾಡಬಹುದು.