ತೊಟ್ಟಿಲ ಹಲಗೆಯ ಮೇಲೆ ನೀಲಾಂಜನೆ

ನಮ್ಮ ಕಲಘಟಗಿಯ ಹೆಸರು ಪರಸ್ಥಳಗಳಲ್ಲಿ ಕೇಳಿಬರುವುದು ಬಹುಮಟ್ಟಿಗೆ ಇಲ್ಲಿಯ ತೊಟ್ಟಿಲುಗಳಿಂದ. ಕಟ್ಟಿಗೆಯ ಹಲಗೆಗಳಿಗೆ ಅರಗಿನ ಬಣ್ಣವಿಟ್ಟು, ರಾಮಾಯಣ ಹಾಗೂ ಕೃಷ್ಣಲೀಲೆಯ ಪ್ರಸಂಗಗಳನ್ನು ಅವುಗಳ ಮೇಲೆ ಚಿತ್ರಿಸುವ ಈ ಕಸುಬು ತಲೆಮಾರುಗಳಿಂದ ನಡೆದು ಬಂದಿದೆ. ಜನ್ಮಕಲ್ಯಾಣದ ಉತ್ಸವಕ್ಕೆ ಬಸದಿಗೊಂದು ಇಂತಹ ತೊಟ್ಟಿಲು ಮಾಡಿಸಬೇಕೆಂದು ನಮ್ಮಲ್ಲಿ ಕೆಲವರು ಮಾತಾಡಿಕೊಂಡಾಗ, ನಾಲ್ಕು ಬದಿಗೆ ಯಾವ ಚಿತ್ರಗಳಿರಬೇಕೆಂಬ ಪ್ರಶ್ನೆ ಎದ್ದಿತು. ಜಿನಮಾತೆಯ ಹದಿನಾರು ಸ್ವಪ್ನಗಳು, ಮೇರುಗಿರಿಯ ಜನ್ಮಾಭಿಷೇಕ, ಸಮವಸರಣ ಈ ಮೂರಕ್ಕೆ ಎಲ್ಲರೂ ಒಪ್ಪಿದರು. ನಾಲ್ಕನೆಯದಕ್ಕೆ ನಾನು ನೀಲಾಂಜನೆಯ ನೃತ್ಯವನ್ನು ಸೂಚಿಸಿದೆ. ಹಿರಿಯರೊಬ್ಬರು ಕೂಡಲೇ, “ಕೂಸಿನ ತೊಟ್ಟಿಲಿನ ಮ್ಯಾಲೆ ಸಾವಿನ ಚಿತ್ರ ಬ್ಯಾಡ್ರಿ” ಎಂದರು. ಆ ಚಿತ್ರ ಇಂದಿಗೂ ನನ್ನ ಮನಸ್ಸಿನಲ್ಲಿ ಮಾತ್ರ ಇದೆ. ಆದರೆ ಅದು ಎಬ್ಬಿಸಿದ ಧರ್ಮಪ್ರಶ್ನೆಯನ್ನು ವಾಚಕರ ಮುಂದಿಡುವುದು ಉಚಿತವೆನಿಸಿದೆ.

ಪ್ರಸಂಗವು ಸರ್ವವಿದಿತವಾದುದು. ಜಿನಸೇನಾಚಾರ್ಯರು ಸಂಸ್ಕೃತದಲ್ಲಿಯೂ, ಕ್ರಿ.ಶ. 941ರಲ್ಲಿ ಪಂಪನು ಕನ್ನಡದಲ್ಲಿಯೂ ಇದನ್ನು ವರ್ಣಿಸಿದ್ದಾರೆ. ಭೋಗಭೂಮಿಯಲ್ಲಿ ವಾದ್ಯಗಳನ್ನು ಕೊಡುತ್ತಿದ್ದ ತೂರ್ಯಾಂಗವೇ ಮೊದಲಾದ ಕಲ್ಪವೃಕ್ಷಗಳು ಕಾಲಪ್ರಭಾವದಿಂದ ಮರೆಯಾದವು. ಆಗ ಜನರಿಗೆ ಷಟ್ಕರ್ಮಗಳನ್ನು ಕಲಿಸಿದವನು ಆದಿದೇವ. ತನ್ನ ಮಕ್ಕಳಲ್ಲಿ ವೃಷಭಸೇನನಿಗೆ ಸಂಗೀತವನ್ನೂ ಅನಂತವಿಜಯನಿಗೆ ಚಿತ್ರಕಲೆಯನ್ನೂ ಆತನೇ ಉಪದೇಶಿಸಿದನೆಂದು ಪುರಾಣ ಹೇಳುತ್ತದೆ. ಇಂತಹ ಪ್ರಭುವು ರಾಜ್ಯಭೋಗದಲ್ಲಿಯೇ ನಿಂತುಬಿಟ್ಟಾನೆಂದು ದೇವೇಂದ್ರನು ಆಯುಷ್ಯ ತೀರಲಿದ್ದ ನೀಲಾಂಜನೆಯನ್ನು ಸಭೆಯಲ್ಲಿ ನರ್ತಿಸಲು ನಿಯೋಜಿಸಿದನು. ನೃತ್ಯದ ನಡುವೆಯೇ ಅವಳು ಮಿಂಚಿನಂತೆ ಅಳಿದಳು. ರಸಭಂಗವಾಗದಿರಲೆಂದು ಇಂದ್ರನು ಅದೇ ಕ್ಷಣದಲ್ಲಿ ಅವಳಂತೆಯೇ ಇರುವ ಇನ್ನೊಬ್ಬಳನ್ನು ಅಲ್ಲಿ ನಿಲ್ಲಿಸಿದನು. ಸಭೆ ಅರಿಯಲಿಲ್ಲ. ಪ್ರಭು ಅರಿತನು, ವಿರಕ್ತನಾದನು.

ಇದನ್ನು ಚಿತ್ರಿಸುವ ಹಂಬಲ ಹೊಸದಲ್ಲ. ಮಥುರೆಯ ಕಂಕಾಲಿ ಟೀಲಾದಲ್ಲಿ ದೊರೆತು ಈಗ ಲಖನೌದ ವಸ್ತುಸಂಗ್ರಹಾಲಯದಲ್ಲಿರುವ, ಸುಮಾರು ಎರಡು ಸಾವಿರ ವರ್ಷಗಳ ಹಿಂದಿನ ಶಿಲಾಫಲಕವೊಂದನ್ನು ವಿದ್ವಾಂಸರು ಇದೇ ಪ್ರಸಂಗವೆಂದು ಗುರುತಿಸಿದ್ದಾರೆ. ಆದರೆ ಚಿತ್ರಗಾರನ ಕಷ್ಟವನ್ನು ಗಮನಿಸಿರಿ. ಸಂಗೀತವು ಕಾಲದಲ್ಲಿ ಹರಿಯುತ್ತದೆ, ಚಿತ್ರವು ಒಂದೇ ಕ್ಷಣದಲ್ಲಿ ನಿಂತಿರುತ್ತದೆ. ಒಬ್ಬ ನರ್ತಕಿಯನ್ನು ಬರೆದರೆ ಅವಳು ಮೊದಲಿನವಳೋ ಎರಡನೆಯವಳೋ ತಿಳಿಯದು. ಇಬ್ಬರನ್ನು ಬರೆದರೆ ಇಂದ್ರನ ಗುಟ್ಟು ರಟ್ಟಾಗುತ್ತದೆ. ನನ್ನ ಮನಸ್ಸಿನ ಚಿತ್ರದಲ್ಲಿ ನರ್ತಕಿ ಒಬ್ಬಳೇ. ಮೃದಂಗದವನ ಕೈ ಎತ್ತಿದಂತೆಯೇ ಇದೆ, ಸಭಾಸದರು ತಲೆದೂಗುತ್ತಿದ್ದಾರೆ, ಒಂದು ಮುಖ ಮಾತ್ರ ಬೇರೆಯಾಗಿದೆ. ಅದು ಪ್ರಭುವಿನದು. ಅಳಿದವಳು ಕಾಣಿಸುವುದು ಆ ಮುಖದಲ್ಲಿ ಮಾತ್ರ.

ಉತ್ಪಾದ, ವ್ಯಯ, ಧ್ರೌವ್ಯ ಈ ಮೂರೂ ಕೂಡಿದುದೇ ಸತ್ತೆಂದು ತತ್ತ್ವಾರ್ಥಸೂತ್ರದ ಬೋಧೆ. ಸಂಗೀತದಲ್ಲಿ ಇದು ಕಿವಿಗೆ ನೇರವಾಗಿ ತಿಳಿಯುತ್ತದೆ. ನಮ್ಮ ನೆರೆಯ ಕುಂದಗೋಳವು ಸವಾಯಿ ಗಂಧರ್ವರ (1886-1952) ಊರು. ಖ್ಯಾಲ ಗಾಯನದ ಮನ್ನಣೆಯುಳ್ಳ ಈ ಸೀಮೆಯವರಿಗೆ ವಿವರಿಸಿ ಹೇಳಬೇಕಾದುದಿಲ್ಲ. ಸ್ವರ ಹುಟ್ಟುತ್ತದೆ, ಅಳಿಯುತ್ತದೆ, ರಾಗ ಉಳಿಯುತ್ತದೆ. ಒಂದು ಸ್ವರ ಅಳಿಯದೆ ಹಟ ಹಿಡಿದರೆ ಮುಂದಿನದಕ್ಕೆ ಎಡೆಯೇ ಇಲ್ಲ. ಹಾಗಾದರೆ ಇಂದ್ರನು ಮಾಡಿದುದರಲ್ಲಿ ತಪ್ಪೇನು? ನೃತ್ಯ ಉಳಿಯಿತಲ್ಲವೇ?

ಬಹುಕಾಲ ನಾನೂ ಹೀಗೆಯೇ ತಿಳಿದಿದ್ದೆ. ಒಂದು ಸಂಜೆ ಮೊಮ್ಮಗಳಿಗೆ ಈ ಕಥೆ ಹೇಳುತ್ತಿರುವಾಗ ಅವಳು ಪ್ರಭುವಿನ ವೈರಾಗ್ಯವನ್ನು ಕೇಳಲೇ ಇಲ್ಲ. “ಅಜ್ಜಾ, ಮೊದಲಿನಾಕಿ ಎಲ್ಲಿ ಹೋದ್ಲು? ಆಕಿಗಾಗಿ ಯಾರೂ ಅಳಲಿಲ್ಲೇನು?” ಎಂದಳು. ಉತ್ತರ ಹೊಳೆಯಲಿಲ್ಲ. ಅದರ ಬದಲು ನಮ್ಮ ಅಂಗಡಿಯ ಹಳೆಯ ದಿವಾನಜಿಯವರು ನೆನಪಿಗೆ ಬಂದರು.

ಇಪ್ಪತ್ತೆಂಟು ವರ್ಷ ಅವರು ನಮ್ಮ ಕೀರ್ದಿ ಬರೆದರು. ಸುಗ್ಗಿಯ ದಿನಗಳಲ್ಲಿ ಒಂದು ರಾತ್ರಿ ತೀರಿಕೊಂಡರು. ಮರುದಿನ ಮಾಲು ಬರುವುದಿತ್ತು. ನಾನು ಬೆಳಿಗ್ಗೆಯೇ ಬೇರೊಬ್ಬರನ್ನು ಕರೆಸಿ ಅದೇ ಗಾದಿಯ ಮೇಲೆ ಕೂಡಿಸಿದೆ. ಒಂದು ಕಲಮೂ ತಪ್ಪಲಿಲ್ಲ. ಹಳ್ಳಿಯಿಂದ ಬಂದ ರೈತರಲ್ಲಿ ಅನೇಕರಿಗೆ ಆದದ್ದು ತಿಳಿಯಲೇ ಇಲ್ಲ. ಅಂಗಡಿ ಒಂದು ತಾಸೂ ನಿಲ್ಲಲಿಲ್ಲವೆಂದು ನಾನು ವರ್ಷಗಟ್ಟಲೆ ಹೆಮ್ಮೆಯಿಂದ ಹೇಳಿಕೊಂಡಿದ್ದೆ. ಮೊಮ್ಮಗಳ ಪ್ರಶ್ನೆಯ ಮುಂದೆ ಆ ಹೆಮ್ಮೆ ತಲೆತಗ್ಗಿಸಿತು.

ಇಂದ್ರನೂ ಮರೆಮಾಡಿದನು, ನಾನೂ ಮರೆಮಾಡಿದೆ. ಆದರೆ ಎರಡೂ ಒಂದೇ ಅಲ್ಲ. ನೀಲಾಂಜನೆಯ ಆಯುಷ್ಯವನ್ನು ಇಂದ್ರನು ಕಡಿಮೆ ಮಾಡಲಿಲ್ಲ, ಅದು ತಾನಾಗಿ ತೀರುವುದಿತ್ತು. ಆ ಮರೆಯ ಹಿಂದಿನ ಉದ್ದೇಶವೂ ಕಾಣಬಲ್ಲವನೊಬ್ಬನು ಕಾಣಲೆಂಬುದು. ತೋರಿಸಿ ಹುಟ್ಟಿಸಿದ ವೈರಾಗ್ಯ ಕ್ಷಣಿಕ, ತಾನೇ ಕಂಡು ಹುಟ್ಟಿದುದು ಸ್ಥಿರ. ನನ್ನ ಮರೆಯಾದರೋ ಯಾರೂ ಕಾಣದಿರಲೆಂಬುದಕ್ಕೆ, ನಾನೂ ಕಾಣದಿರಲೆಂಬುದಕ್ಕೆ. ಅಂಗಡಿ ಉಳಿಯಿತೆಂಬ ಧ್ರೌವ್ಯವನ್ನಷ್ಟೇ ಹಿಡಿದು, ಒಬ್ಬ ಮನುಷ್ಯ ಹೋದನೆಂಬ ವ್ಯಯಕ್ಕೆ ಕಣ್ಣು ಮುಚ್ಚಿದೆ. ಮೂರರಲ್ಲಿ ಒಂದನ್ನೇ ಹಿಡಿಯುವುದು ಏಕಾಂತ. ಅನೇಕಾಂತವನ್ನು ಸ್ವಾಧ್ಯಾಯದಲ್ಲಿ ಒಪ್ಪಿ ಗಾದಿಯ ಮೇಲೆ ಮರೆತರೆ ಅದು ಬಾಯಿಮಾತಿನ ಧರ್ಮ.

ಇದು ನನ್ನೊಬ್ಬನ ಮಾತೆಂದು ನಾನು ತಿಳಿದಿಲ್ಲ. ನಮ್ಮ ಬಸದಿಗಳಲ್ಲಿ, ಛತ್ರಗಳಲ್ಲಿ, ಅಂಗಡಿಗಳಲ್ಲಿ ದೀಪ ಹಚ್ಚುವವರು, ಅಡಿಗೆಯವರು, ಕಸಗುಡಿಸುವವರು, ಹಮಾಲರು ಬದಲಾಗುತ್ತಲೇ ಇರುತ್ತಾರೆ. ಕೆಲಸ ನಿಲ್ಲಬಾರದೆಂಬುದು ಸರಿಯೇ. ಟ್ರಸ್ಟಿನವರಲ್ಲಿ ನನ್ನ ವಿನಂತಿ ಇಷ್ಟೇ: ಹೊಸಬರು ಆ ಜಾಗಕ್ಕೆ ಬರುವ ಮುನ್ನ, ಹೋದವರ ಹೆಸರು ಹೇಳಿ, ಒಂಬತ್ತು ಸಲ ಣಮೋಕಾರವನ್ನು ಜಪಿಸುವಷ್ಟು ಹೊತ್ತು ಎಲ್ಲರೂ ನಿಲ್ಲಲಿ. ಅವರ ಮನೆಗೆ ಸಲ್ಲಬೇಕಾದುದು ಆ ವಾರದಲ್ಲಿಯೇ ಸಲ್ಲಲಿ. ಇದರಿಂದ ರಸಭಂಗವಾದರೆ ಆಗಲಿ.

ತೊಟ್ಟಿಲಿನ ಚರ್ಚೆ ಇನ್ನೂ ಮುಗಿದಿಲ್ಲ. ಸಾವಿನ ಚಿತ್ರ ಬೇಡವೆಂದ ಹಿರಿಯರಿಗೆ ನನ್ನ ಬಿನ್ನಹವೇನೆಂದರೆ, ಆ ಹಲಗೆಯ ಮೇಲೆ ಹೆಣವಿರುವುದಿಲ್ಲ; ಎಲ್ಲರೂ ನೃತ್ಯವನ್ನು ನೋಡುತ್ತಿರುವಾಗ, ಹೋದವಳನ್ನು ಕಂಡ ಒಂದು ಮುಖವಿರುತ್ತದೆ. ಜೋಗುಳ ಕೇಳುತ್ತ ಕಣ್ಣು ಬಿಡುವ ಕೂಸಿಗೆ ಅದಕ್ಕಿಂತ ಮಂಗಳಕರವಾದ ಮುಖವನ್ನು ನಾನಂತೂ ಅರಿಯೆ.