ಮಲಗಿದ್ದ ಕಡತ, ಮುನಿದ ಸಹೋದ್ಯೋಗಿಗಳು

‘ಸೀನಿಯಾರಿಟಿ ಲಿಸ್ಟ್ ಬಂತಂತೆ’ ಎಂಬ ಸುದ್ದಿ ಬಿದ್ದರೆ ಸಾಕು, ತುಮಕೂರಿನ ಸರ್ಕಾರಿ ಕಚೇರಿಯಲ್ಲಿ ಮಧ್ಯಾಹ್ನದ ಊಟ ಯಾರಿಗೂ ರುಚಿಸುವುದಿಲ್ಲ. ಗುಬ್ಬಿಯ ಗುಮಾಸ್ತರಾಗಲಿ, ಕುಣಿಗಲ್ಲಿನ ಎಂಜಿನಿಯರಾಗಲಿ ಮೊದಲು ಹುಡುಕುವುದು ತಮ್ಮ ಕ್ರಮಸಂಖ್ಯೆಯನ್ನು, ಆಮೇಲೆ ಅದರ ಮೇಲಿನ ಹೆಸರನ್ನು. ಆ ಹೆಸರು ಎಷ್ಟೋ ಸಲ ಪಕ್ಕದ ಮೇಜಿನವರದೇ ಆಗಿರುತ್ತದೆ. ಅಲ್ಲಿಂದ ಶುರು: ಆಕ್ಷೇಪಣೆ, ಬೆಂಗಳೂರಿನ ಕೆಎಟಿ (ಕರ್ನಾಟಕ ಆಡಳಿತ ನ್ಯಾಯಮಂಡಳಿ), ವಕೀಲರ ಫೀಸು, ತಡೆಯಾಜ್ಞೆ.

ಬಡ್ತಿಗೆ ಹಂಬಲಿಸುವುದು ಸಣ್ಣತನವಲ್ಲ. ಸಂಬಳ, ಪಿಂಚಣಿ, ಮಗಳ ಲಗ್ನಪತ್ರಿಕೆಯಲ್ಲಿ ಅಚ್ಚಾಗುವ ಹುದ್ದೆಯ ಹೆಸರು, ಎಲ್ಲವೂ ಅದಕ್ಕೆ ಅಂಟಿಕೊಂಡಿವೆ. ನನ್ನನ್ನು ಕಾಡುವುದು ಬೇರೆ: ನಮ್ಮ ಸಿಟ್ಟು ಪಕ್ಕದ ಮೇಜಿನ ಮೇಲೇ ಯಾಕೆ ತಿರುಗುತ್ತದೆ?

ಕರ್ನಾಟಕದ ಬಡ್ತಿ ಮೀಸಲಾತಿಯ ಕಥೆಯನ್ನೇ ನೋಡಿ. 1978ರಲ್ಲಿ ರಾಜ್ಯ ಸರ್ಕಾರ ಬಡ್ತಿಯಲ್ಲಿ ಪರಿಶಿಷ್ಟ ಜಾತಿಗೆ ಶೇ 15, ಪರಿಶಿಷ್ಟ ಪಂಗಡಕ್ಕೆ ಶೇ 3 ಮೀಸಲಾತಿ ಕೊಟ್ಟಿತು. ಹಾಗೆ ಮೊದಲು ಮೇಲೆ ಹೋದವರಿಗೆ ಆ ಹುದ್ದೆಯ ಜ್ಯೇಷ್ಠತೆಯೂ ಸಿಗಬೇಕೇ, ಅಥವಾ ಹಿಂದೆ ಉಳಿದವರು ತಡವಾಗಿ ಅಲ್ಲಿಗೆ ಬಂದಾಗ ಹಳೆಯ ಸ್ಥಾನವನ್ನೇ ಮರಳಿ ಪಡೆಯಬೇಕೇ? ಜಗಳವೆಲ್ಲ ಇದರ ಸುತ್ತ. 2001ರಲ್ಲಿ ಸಂವಿಧಾನದ 85ನೇ ತಿದ್ದುಪಡಿ ಬಂತು, 2002ರಲ್ಲಿ ರಾಜ್ಯದ ಕಾಯ್ದೆ ಬಂತು. ಮೊದಲನೆಯದು ಮೀಸಲಾತಿಯಲ್ಲಿ ಬಡ್ತಿ ಪಡೆದವರಿಗೆ ಜ್ಯೇಷ್ಠತೆ ಕೊಡಲು ದಾರಿ ಮಾಡಿತು, ಎರಡನೆಯದು ಕೊಟ್ಟಿತು. 2006ರಲ್ಲಿ ಎಂ. ನಾಗರಾಜ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ತಿದ್ದುಪಡಿಯನ್ನು ಎತ್ತಿಹಿಡಿಯಿತು. ಆದರೆ ಹಿಂದುಳಿದಿರುವಿಕೆ, ಪ್ರಾತಿನಿಧ್ಯದ ಕೊರತೆ, ಆಡಳಿತದ ದಕ್ಷತೆ ಇವುಗಳ ಬಗ್ಗೆ ಅಂಕಿಅಂಶ ಕೂಡಿಸಿ ತೋರಿಸಿ ಎಂದು ಸರ್ಕಾರಗಳಿಗೆ ಹೇಳಿತು.

ನಮ್ಮ ರಾಜ್ಯ ಸರ್ಕಾರ ಕೂಡಿಸಲಿಲ್ಲ. 2017ರ ಫೆಬ್ರುವರಿ 9ರಂದು ಸುಪ್ರೀಂ ಕೋರ್ಟಿನ ಬಿ.ಕೆ. ಪವಿತ್ರಾ ಪ್ರಕರಣದಲ್ಲಿ ಅದೇ ಕೊರತೆಯ ಮೇಲೆ ರಾಜ್ಯದ ಕಾಯ್ದೆಯ ಮುಖ್ಯ ಕಲಮುಗಳು ಬಿದ್ದುಹೋದವು. ಜ್ಯೇಷ್ಠತಾ ಪಟ್ಟಿಯನ್ನು ಮೂರು ತಿಂಗಳಲ್ಲಿ ತಿದ್ದಬೇಕಾಯಿತು. ವರ್ಷಗಟ್ಟಲೆ ಅಧಿಕಾರಿಯಾಗಿ ಸಹಿ ಹಾಕಿದವರ ಕೈಗೆ ಹಿಂಬಡ್ತಿಯ ಆದೇಶ ಬಂತು. ಸೋತ ಮೇಲೆ ಎಚ್ಚೆತ್ತ ಸರ್ಕಾರ ಹಿರಿಯ ಐಎಎಸ್ ಅಧಿಕಾರಿ ಕೆ. ರತ್ನಪ್ರಭಾ ಅವರ ಸಮಿತಿಯಿಂದ ವರದಿ ಪಡೆದು 2018ರಲ್ಲಿ ಹೊಸ ಕಾಯ್ದೆ ತಂದಿತು. 2019ರ ಮೇ 10ರಂದು ಸುಪ್ರೀಂ ಕೋರ್ಟ್ ನ್ಯಾಯಮೂರ್ತಿಗಳಾದ ಡಿ.ವೈ. ಚಂದ್ರಚೂಡ್ ಮತ್ತು ಯು.ಯು. ಲಲಿತ್ ಅದನ್ನು ಒಪ್ಪಿದರು. ಸೋತು ಕೆಲವೇ ತಿಂಗಳಲ್ಲಿ ಮಾಡಲು ಸಾಧ್ಯವಾದ ಕೆಲಸ ಹಿಂದಿನ ಹತ್ತು ವರ್ಷ ಆಗಲಿಲ್ಲ!

2019ರ ತೀರ್ಪು ನ್ಯಾಯವಾದದ್ದೆಂದೇ ನಾನು ನಂಬಿದ್ದೇನೆ. ಒಂದು ಹುದ್ದೆಯಲ್ಲಿ ಮೊದಲು ಕೂತು ದುಡಿದವರ ಆ ವರ್ಷಗಳನ್ನು ಲೆಕ್ಕದಿಂದ ಅಳಿಸಿಹಾಕಲು ನನಗೆ ಕಾರಣ ಕಾಣುವುದಿಲ್ಲ. ಮೇಲಿನ ಕುರ್ಚಿಗಳತ್ತ ತಲೆಮಾರುಗಳ ಕಾಲ ನೋಡಲೂ ಬಿಡದಿದ್ದ ಸಮಾಜದಲ್ಲಿ ‘ಅರ್ಹತೆ’ ಎಂಬ ಮಾತನ್ನು ಎತ್ತುವ ಮುನ್ನ ನಾಲಗೆ ಸ್ವಲ್ಪ ತಡೆಯಬೇಕು. ಹಿಂಬಡ್ತಿಯಾದವರನ್ನು ಕಚೇರಿಯ ಮೊಗಸಾಲೆಯಲ್ಲಿ ಕಂಡು ನಗುವುದು ಯಾವ ತೀರ್ಪೂ ಕೊಡದ ಹಕ್ಕು. ಹಾಗೆಂದು ಎದುರು ಕಡೆಯವರ ಅಳಲು ಸುಳ್ಳಲ್ಲ. ಸಾಮಾನ್ಯ ವರ್ಗದವರು ಬಡ್ತಿಯ ಮೂರನೇ ಹಂತ ಮುಟ್ಟುವಷ್ಟರಲ್ಲಿ 56 ವರ್ಷವಾಗಿರುತ್ತದೆ ಎಂದು ಪವಿತ್ರಾ ಪ್ರಕರಣದ ಅರ್ಜಿದಾರರು ಕೋರ್ಟಿನ ಮುಂದೆ ಹೇಳಿಕೊಂಡಿದ್ದರು. ಸೇವೆಯ ಕೊನೆಯ ನಾಲ್ಕು ವರ್ಷ ಎಣಿಸುತ್ತಿರುವವರಿಗೆ ಸಾಮಾಜಿಕ ನ್ಯಾಯದ ಚರಿತ್ರೆ ಹೇಳಿ ಸಮಾಧಾನ ಮಾಡುವುದು ಸುಲಭವಲ್ಲ.

ಇಂಥದೇ ಜಗಳ ನೀರಿನಲ್ಲೂ ಉಂಟು: ಹೇಮಾವತಿ ನೀರನ್ನು ಕುಣಿಗಲ್ ಕಡೆಗೆ ಒಯ್ಯುವ ಲಿಂಕ್ ಕೆನಾಲಿನ ಗಲಾಟೆಯಲ್ಲಿ ಗುಬ್ಬಿಯವರಿಗೂ ಕುಣಿಗಲ್ಲಿನವರಿಗೂ ಮಾತು ಬೆಳೆದದ್ದನ್ನು ತುಮಕೂರು ಜಿಲ್ಲೆ ಕಂಡಿದೆ. ನಾಲೆಯ ಕೊನೆಯಲ್ಲಿರುವ ರೈತ ನೀರಿಗಾಗಿ ಕೂಗುವುದೂ, ಮೇಲಿನ ರೈತ ತನ್ನ ಪಾಲಿಗೆ ಹೆದರುವುದೂ ಸಹಜವೇ. ಆದರೆ ಹಂಚಿಕೆಯ ಲೆಕ್ಕ ಅವರಿಬ್ಬರ ಕೈಯಲ್ಲೂ ಇಲ್ಲ.

ಬಡ್ತಿಯ ಪಟ್ಟಿಯೂ ಹೀಗೆಯೇ: ಲೆಕ್ಕ ಇಡಬೇಕಾದದ್ದು ಸರ್ಕಾರ, ಜಗಳ ನೌಕರರಲ್ಲಿ. ಆದ್ದರಿಂದ ನೌಕರರ ಸಂಘಗಳು ಎರಡು ಪಾಳಯವಾಗಿ ಕೋರ್ಟಿಗೆ ಹೋಗುವ ಮುನ್ನ, ಒಟ್ಟಿಗೆ ಒಂದು ಮನವಿ ಕೊಡಲಿ: ಪ್ರತಿ ಇಲಾಖೆಯೂ ವರ್ಷಕ್ಕೊಮ್ಮೆ ಅಂತಿಮ ಪಟ್ಟಿ ಪ್ರಕಟಿಸಬೇಕು, ಪ್ರಾತಿನಿಧ್ಯದ ಅಂಕಿಅಂಶವನ್ನು ಅದರ ಜೊತೆಗೇ ಕೊಡಬೇಕು, ಆಕ್ಷೇಪಣೆಗೆ ಬರೆದ ಉತ್ತರ ನೌಕರ ನಿವೃತ್ತನಾಗುವ ಮೊದಲೇ ಕೈ ಸೇರಬೇಕು. ಮೀಸಲಾತಿಯಲ್ಲಿ ಬಡ್ತಿ ಪಡೆದವರೂ, ಅದನ್ನು ಪ್ರಶ್ನಿಸಿ ಕೋರ್ಟಿಗೆ ಹೋದವರೂ ಆ ಹಾಳೆಯಲ್ಲಿ ಒಬ್ಬರ ಕೆಳಗೊಬ್ಬರು ಸಹಿ ಹಾಕಬಹುದು.